ಬೆಲೆ ಏರಿದಾಗ ಸರ್ಕಾರ, ಇಳಿದಾಗ ಮಾರುಕಟ್ಟೆ

ಕಲಬುರಗಿ ಜಿಲ್ಲೆ ಚಿಂಚೋಳಿ ತಾಲ್ಲೂಕಿನ ಓದುಗರೊಬ್ಬರು ಬರೆದಿದ್ದಾರೆ: "ಸರ್ಕಾರ ಕೈ ಹಾಕಿದ್ದೆಲ್ಲ ಹಾಳು. ಎಪಿಎಂಸಿ (ಕೃಷಿ ಮಾರುಕಟ್ಟೆ ಸಮಿತಿ) ಮುಚ್ಚಲಿ, ಖರೀದಿ ಕೇಂದ್ರವನ್ನೂ ಮುಚ್ಚಲಿ. ತೊಗರಿಯನ್ನು ಪೂರ್ತಿ ಖಾಸಗಿಯವರಿಗೆ ಬಿಟ್ಟರೆ ರೈತನಿಗೆ ಸರಿಯಾದ ರೇಟು ತಾನಾಗಿ ಸಿಗುತ್ತದೆ. ನೀವು ಯಾಕೆ ಇದನ್ನು ಬರೆಯಲ್ಲ? ಮನೆಯಲ್ಲಿ 40 ಚೀಲ ಬಿದ್ದಿದೆ. ಮಾರೋದಾ, ಇಡೋದಾ ಅಂತ ಅಪ್ಪ ದಿನಾ ಕೇಳ್ತಾರೆ."

ಸಂಪಾದಕರ ಉತ್ತರ:

ನಮಸ್ಕಾರ. ನಿಮ್ಮ ಸಿಟ್ಟು ನನಗೆ ಅರ್ಥವಾಗುತ್ತದೆ. ರಾಶಿ ಮುಗಿದು ವಾರಗಟ್ಟಲೆ ಆದ ಮೇಲೆ, ಬೆಂಬಲ ಬೆಲೆಗೆ ಕೊಳ್ಳುವ ಸರ್ಕಾರಿ ಖರೀದಿ ಕೇಂದ್ರ ತೆರೆಯುವುದು, ಒಬ್ಬ ರೈತನಿಂದ ಇಷ್ಟೇ ಕ್ವಿಂಟಲ್ ಎಂಬ ಮಿತಿ, ಆಮೇಲೆ ದುಡ್ಡಿಗೆ ಕಾಯುವುದು, ಇವನ್ನೆಲ್ಲ ನಾನೂ ನೋಡಿದ್ದೇನೆ. ಆದರೆ ನೀವು ಕೇಳುವ ಮುಕ್ತ ಮಾರುಕಟ್ಟೆ ತೊಗರಿಗೆ ಯಾವತ್ತಾದರೂ ಇತ್ತಾ?

ಲೆಕ್ಕ ತೆಗೆದು ನೋಡೋಣ. 2006ರಲ್ಲಿ ಕೇಂದ್ರ ಸರ್ಕಾರ ಬೇಳೆಕಾಳಿನ ರಫ್ತು ನಿಲ್ಲಿಸಿತು. ತೊಗರಿಗೆ ಆ ಬಾಗಿಲು ತೆರೆದದ್ದು 2017ರ ಸೆಪ್ಟೆಂಬರ್‌ನಲ್ಲಿ. 2015ರಲ್ಲಿ ಬೇಳೆ ಕಿಲೋಗೆ 200 ರೂಪಾಯಿ ಮುಟ್ಟಿತಲ್ಲ, ಆಗ ವ್ಯಾಪಾರಿಗಳು ಇಟ್ಟುಕೊಳ್ಳುವ ದಾಸ್ತಾನಿಗೆ ಮಿತಿ ಬಂತು. ಮರುವರ್ಷ ಮೊಜಾಂಬಿಕ್‌ನಿಂದ ತೊಗರಿ ತರಲು ಒಪ್ಪಂದವಾಯಿತು. ಒಳ್ಳೆ ರೇಟು ಕಂಡ ನಮ್ಮ ರೈತರು ಜಾಸ್ತಿ ಬಿತ್ತಿದ್ದರು, ಮಳೆಯೂ ಕೈಹಿಡಿಯಿತು. 2016-17ರಲ್ಲಿ ಬೆಂಬಲ ಬೆಲೆ ಕ್ವಿಂಟಲ್‌ಗೆ 5,050 ರೂಪಾಯಿ ಇದ್ದರೂ ಮಾರುಕಟ್ಟೆಯ ರೇಟು ಅದಕ್ಕಿಂತ ಕೆಳಗೆ ಬಿತ್ತು. ಆ ಬೆಳೆಯನ್ನು ಹೊರದೇಶಕ್ಕೆ ಕಳಿಸೋಣ ಎಂದರೆ ಬಾಗಿಲು ಮುಚ್ಚಿತ್ತು! 2023ರ ಜೂನ್‌ನಲ್ಲಿ ಮತ್ತೆ ದಾಸ್ತಾನು ಮಿತಿ. ಬೆಲೆ ಏರಿದರೆ ಸರ್ಕಾರ ಓಡಿ ಬರುತ್ತದೆ, ಇಳಿದರೆ "ಮಾರುಕಟ್ಟೆ ನೋಡಿಕೊಳ್ಳುತ್ತದೆ" ಎನ್ನುತ್ತಾರೆ. ಪಟ್ಟಣದಲ್ಲಿ ಬೇಳೆ ಕೊಳ್ಳುವ ಬಡವರನ್ನು ಕಾಯಬೇಕು, ಅದರಲ್ಲಿ ಎರಡು ಮಾತಿಲ್ಲ. ಆ ಭಾರವನ್ನು ಚಿಂಚೋಳಿ, ಆಳಂದದ ರೈತನ ಹೆಗಲ ಮೇಲೆ ಹೊರಿಸುವುದೇ ನನಗೆ ನೋವು.

ಈ ಜಿಲ್ಲೆಯ ಒಂದು ಮಾರುಕಟ್ಟೆಯಲ್ಲಿ ಕಂಡದ್ದನ್ನು ಹೇಳುತ್ತೇನೆ. ಹೆಸರು ಬೇಡ. ಜನವರಿಯ ಬೆಳಿಗ್ಗೆ, ಅಡತ್ (ದಲ್ಲಾಳಿ) ಅಂಗಡಿ ಮುಂದೆ ಚೀಲ ಸುರಿದಿದ್ದರು. ಖರೀದಿದಾರ ಒಂದು ಹಿಡಿ ಎತ್ತಿ, ಒಂದು ಕಾಳು ಹಲ್ಲಿನಲ್ಲಿ ಕಡಿದು "ಹಸಿ ಅದ" ಎಂದ. ಅಷ್ಟೇ, ರೇಟು ಇಳಿಯಿತು. ತೇವಾಂಶ ಅಳೆಯುವ ಯಂತ್ರ ಅಲ್ಲೇ ಕಪಾಟಿನ ಮೇಲಿತ್ತು, ಅದರ ಮೇಲೆ ಯಾರದೋ ಟವೆಲ್ ಒಣಗುತ್ತಿತ್ತು. ರೈತ ಬಾಯಿ ಬಿಡಲಿಲ್ಲ. ಜೂನ್‌ನಲ್ಲಿ ಬೀಜ, ಗೊಬ್ಬರಕ್ಕೆ ದುಡ್ಡು ತಂದದ್ದು ಅದೇ ಅಂಗಡಿಯಿಂದ. "ಬೇಕಾದವರಿಗೆ ಮಾರು" ಎಂಬ ಕಾನೂನು ಅವನಿಗೆ ಏನು ಕೊಟ್ಟೀತು ಹೇಳಿ? 2020ರಲ್ಲಿ ನಮ್ಮ ರಾಜ್ಯ ಎಪಿಎಂಸಿ ಕಾಯ್ದೆ ತಿದ್ದಿ, ಪ್ರಾಂಗಣದ ಹೊರಗೂ ಖರೀದಿಗೆ ದಾರಿ ಮಾಡಿತು. ಮುಂದೆ ಬಂದ ಸರ್ಕಾರ ಅದನ್ನು ವಾಪಸ್ ತೆಗೆದುಕೊಳ್ಳಲು 2023ರಲ್ಲಿ ಮಸೂದೆ ತಂದಿತು. ಕಾನೂನು ಬರುತ್ತದೆ, ಹೋಗುತ್ತದೆ, ಉದ್ರಿ ಲೆಕ್ಕದ ಪುಸ್ತಕ ಮಾತ್ರ ಅಲ್ಲೇ ಇದೆ.

ಹಾಗಂತ ಖಾಸಗಿ ಎಂದರೆ ನನಗೆ ಅಲರ್ಜಿ ಇಲ್ಲ. 2014ರಲ್ಲಿ ಶುರುವಾದ ಆನ್‌ಲೈನ್ ಟೆಂಡರ್ ವ್ಯವಸ್ಥೆ ರಾಜ್ಯ ಸರ್ಕಾರ ಮತ್ತು ಒಂದು ಖಾಸಗಿ ವಿನಿಮಯ ಕಂಪನಿ ಸಮಪಾಲಿನಲ್ಲಿ ಕಟ್ಟಿದ್ದು. ಒಬ್ಬ ವ್ಯಾಪಾರಿ ಬರೆದ ರೇಟು ಇನ್ನೊಬ್ಬನಿಗೆ ಕಾಣುವುದಿಲ್ಲ. ದನದ ಸಂತೆಯಲ್ಲಿ ಟವೆಲ್ ಕೆಳಗೆ ಬೆರಳು ಹಿಡಿದು ನಡೆಸುವ ವ್ಯಾಪಾರ ನೋಡಿದವರಿಗೆ ಇದರ ಬೆಲೆ ಗೊತ್ತು. ಬೆಳೆಯನ್ನು ಉಗ್ರಾಣದಲ್ಲಿಟ್ಟು ಅದರ ರಸೀದಿ ಮೇಲೆ ಸಾಲ ಸಿಗುವುದೂ ಮಾರುಕಟ್ಟೆಯ ದಾರಿಯೇ, ಒಳ್ಳೆಯ ದಾರಿಯೇ. ಆದರೆ ಇವು ಸರ್ಕಾರ ಸರಿದು ನಿಂತದ್ದರಿಂದ ಹುಟ್ಟಿದ್ದಲ್ಲ. ಕೂತು ನಿಯಮ ಮಾಡಿದ್ದರಿಂದ ಹುಟ್ಟಿದ್ದು.

ಬೀಜದ ಕಡೆಯೂ ನೋಡಿ. ನೆಟೆ ರೋಗ ಹೊಲಕ್ಕೆ ಹೊಲವನ್ನೇ ಒಣಗಿಸುತ್ತದೆ, ನಿಮ್ಮ ತಂದೆಗೆ ಅದನ್ನು ನಾನು ಹೇಳಿಕೊಡಬೇಕಿಲ್ಲ. ಅದನ್ನು ತಡೆಯುವ ಟಿಎಸ್-3ಆರ್ ತಳಿ ಬಂದದ್ದು ಕಲಬುರಗಿಯ ಕೃಷಿ ಸಂಶೋಧನಾ ಕೇಂದ್ರದಿಂದ, ಸರ್ಕಾರದ ದುಡ್ಡಿನಲ್ಲಿ. ತೊಗರಿ ರೈತ ತನ್ನ ಬೆಳೆಯಲ್ಲೇ ಬೀಜ ತೆಗೆದಿಟ್ಟುಕೊಳ್ಳುತ್ತಾನೆ. ಪ್ರತಿ ವರ್ಷ ಬೀಜ ಕೊಳ್ಳದ ಗಿರಾಕಿಗಾಗಿ ಯಾವ ಕಂಪನಿ ಹತ್ತು ವರ್ಷ ದುಡಿಯುತ್ತದೆ?

ಹಾಗಾದರೆ ತೊಂದರೆ ಎಲ್ಲಿದೆ? ನನಗೆ ಕಾಣುವುದು ಇದು: ತೊಗರಿಯ ಬಗ್ಗೆ ತೀರ್ಮಾನ ಮಾಡುವವರು ದೂರ ಇದ್ದಾರೆ, ನಾವು ಕೇಳಿದರೆ ಉತ್ತರ ಕೊಡಬೇಕಾದವರು ಹತ್ತಿರ ಇಲ್ಲ. ತೊಗರಿ ಮಂಡಳಿಯ ಕಚೇರಿ ಕಲಬುರಗಿಯಲ್ಲಿದೆ, ಆಮದು ಸುಂಕದ ಫೈಲು ದೆಹಲಿಯಲ್ಲಿದೆ. ಸಂವಿಧಾನದ 73ನೇ ತಿದ್ದುಪಡಿ ಪಂಚಾಯಿತಿಗಳಿಗೆ ಕೊಡಬಹುದೆಂದು ಪಟ್ಟಿ ಮಾಡಿದ 29 ವಿಷಯಗಳಲ್ಲಿ "ಮಾರುಕಟ್ಟೆ ಮತ್ತು ಜಾತ್ರೆ" ಕೂಡ ಒಂದು. ನಮ್ಮಲ್ಲಿ ಜಾತ್ರೆಯ ಲೈಟು, ನೀರು ಪಂಚಾಯಿತಿ ನೋಡಿಕೊಳ್ಳುತ್ತದೆ, ಮಾರುಕಟ್ಟೆ ಅದರ ಕೈಗೆ ಬರಲಿಲ್ಲ. ಜಿಲ್ಲಾ, ತಾಲ್ಲೂಕು ಪಂಚಾಯಿತಿಗಳ ಅವಧಿ 2021ರಲ್ಲಿ ಮುಗಿಯಿತು, ಆಮೇಲೆ ವರ್ಷಗಟ್ಟಲೆ ಚುನಾವಣೆಯೇ ಆಗಲಿಲ್ಲ. 73ನೇ ತಿದ್ದುಪಡಿಗೂ ಮೊದಲೇ, 1983ರಲ್ಲಿ, ಅಂದಿನ ಪಂಚಾಯತ್ ರಾಜ್ ಸಚಿವ ಅಬ್ದುಲ್ ನಜೀರ್ ಸಾಬ್ ಕಾಲದಲ್ಲಿ ಜಿಲ್ಲೆಗೆ ಅಧಿಕಾರ ಕೊಡುವ ಕಾಯ್ದೆ ಮಾಡಿದ ರಾಜ್ಯ ಇದು. ಬರೆಯುವಾಗ ಹೊಟ್ಟೆ ಉರಿಯುತ್ತದೆ.

ಆ ಟವೆಲ್ ತೆಗೆಸಿ ತೇವಾಂಶ ಯಂತ್ರ ಹಚ್ಚಿಸಲು ದೆಹಲಿ ಬೇಡ. ಪ್ರಾಂಗಣದಲ್ಲಿ ದಿನಾ ಓಡಾಡುವ, ನಾಳೆ ನಿಮ್ಮ ಓಟು ಕೇಳಬೇಕಾದ ಒಬ್ಬ ಮನುಷ್ಯ ಸಾಕು. ಎಪಿಎಂಸಿ ಮುಚ್ಚಿದರೆ ಆ ಮನುಷ್ಯನೂ ಇರುವುದಿಲ್ಲ. ಅದಕ್ಕೇ ಮುಚ್ಚಿ ಎಂದು ನಾನು ಬರೆಯುವುದಿಲ್ಲ. ಎಪಿಎಂಸಿ ಆಡಳಿತ ಸಮಿತಿಯ ಚುನಾವಣೆ ಬಂದಾಗ ನಿಮ್ಮೂರಿನಿಂದ ಯಾರು ನಿಲ್ಲುತ್ತಾರೆ, ಅದನ್ನು ಬರೆದು ಕಳಿಸಿ, ಖಂಡಿತ ಹಾಕುತ್ತೇವೆ.

ಇನ್ನು ಆ 40 ಚೀಲ. ಅಡತ್ ಸಾಲಕ್ಕೆ, ಮನೆ ಖರ್ಚಿಗೆ ಎಷ್ಟು ಬೇಕೋ ಅಷ್ಟನ್ನು ಈಗ ಮಾರಿ. ಸಾಲ ತೀರಿದ ಮೇಲೆ ಬೇರೆ ಅಂಗಡಿಯ ರೇಟು ಕೇಳುವ ಧೈರ್ಯ ಬರುತ್ತದೆ. ಉಳಿದದ್ದನ್ನು ಎರಡು ದಿನ ಚೆನ್ನಾಗಿ ಬಿಸಿಲಿಗೆ ಹಾಕಿ. ಖರೀದಿ ಕೇಂದ್ರದಲ್ಲಿ ತೇವಾಂಶ ಶೇ 12 ದಾಟಬಾರದು, ಹಸಿ ಉಳಿದರೆ ನುಸಿಯೂ ಬೇಗ ಹತ್ತುತ್ತದೆ. 2025-26ರ ಬೆಂಬಲ ಬೆಲೆ ಕ್ವಿಂಟಲ್‌ಗೆ 8,000 ರೂಪಾಯಿ. ಹೊರಗಿನ ರೇಟು ಅದಕ್ಕಿಂತ ಕೆಳಗಿದ್ದರೆ ಹೆಸರು ನೋಂದಾಯಿಸಿ, ರಸೀದಿ ಕೈಗೆ ಬರುವ ತನಕ ಕೌಂಟರ್ ಬಿಟ್ಟು ಬರಬೇಡಿ ಅಂತ ಅಪ್ಪನಿಗೆ ಹೇಳಿ.