ಮನೆಗೆ ಕಳಿಸಿದರೆ ಆಯ್ತಾ, ಮೇಷ್ಟ್ರೇ?

ಕಳೆದ ಸಂಚಿಕೆಯಲ್ಲಿ ಬಂದ ಘಾನಾದ ‘ಮಾಟಗಾತಿ ಶಿಬಿರ’ಗಳ (ಮಾಟ ಮಾಡುತ್ತಾಳೆ ಅಂತ ಊರಿಂದ ಅಟ್ಟಿಸಿಕೊಂಡ ಹೆಂಗಸರು ಬಂದು ಸೇರುವ ಜಾಗಗಳ) ಲೇಖನ ಓದಿ ದಾವಣಗೆರೆಯ ನಿವೃತ್ತ ಮೇಷ್ಟ್ರೊಬ್ಬರು ಉದ್ದದ ಕಾಗದ ಬರೆದಿದ್ದಾರೆ. ಅದರ ಸಾರ ಇಷ್ಟು: ‘ಮೊಬೈಲ್ ಬಂದ ಕಾಲದಲ್ಲೂ ಆಫ್ರಿಕಾದವರು ಇದನ್ನೆಲ್ಲ ನಂಬುತ್ತಾರಲ್ಲ! ನಾಲ್ಕಕ್ಷರ ಕಲಿಸಿದರೆ ಎಲ್ಲ ಸರಿಹೋಗುತ್ತದೆ. ಸರ್ಕಾರ ಆ ಶಿಬಿರಗಳಿಗೆ ಬೀಗ ಹಾಕಿ ಮುದುಕಿಯರನ್ನು ಮನೆಗೆ ಕಳಿಸಬಾರದೇ?’

ಮೇಷ್ಟ್ರೇ, ನಿಮ್ಮ ಸಿಟ್ಟು ನ್ಯಾಯವೇ. ಆದರೆ ‘ಆಫ್ರಿಕಾದವರು’ ಅಂತ ಐವತ್ತಕ್ಕೂ ಹೆಚ್ಚು ದೇಶಗಳನ್ನು ಒಂದೇ ಗಂಟು ಕಟ್ಟುವುದು ಬೇಡ. ಘಾನಾದ ಮಾತನ್ನಷ್ಟೇ ಆಡೋಣ. ಭಾನಾಮತಿ ಹೆಸರಿನಲ್ಲಿ ಕಲಬುರಗಿ, ಬೀದರ್ ಕಡೆ ಏನೇನು ನಡೆದಿದೆ ಅಂತ ನಿಮಗೂ ಗೊತ್ತು. 2017ರಲ್ಲಿ ನಮ್ಮ ವಿಧಾನಮಂಡಲವೂ ವಾಮಾಚಾರದ ವಿರುದ್ಧ ಕಾಯ್ದೆ ಮಾಡಬೇಕಾಯ್ತು, ಅಲ್ವಾ?

ಓದು-ಬರಹದ ವಿಷಯ. ಟೆಮಾ ಅನ್ನುವುದು ರಾಜಧಾನಿ ಅಕ್ರಾದ ಪಕ್ಕದ ಬಂದರು ಪಟ್ಟಣ. ಕಾರ್ಖಾನೆಗಳ ಊರು, ಕಾಡು-ಮೇಡಲ್ಲ. 2010ರ ನವೆಂಬರಿನಲ್ಲಿ ಅಲ್ಲಿ 72 ವರ್ಷದ ಅಜ್ಜಿಯನ್ನು ಮಾಟಗಾತಿ ಅಂತ ಸುಟ್ಟರು. ಆರೋಪಿಗಳಲ್ಲಿ ಒಬ್ಬ ಪಾದ್ರಿಯೂ ಇದ್ದ. ಬಿಡಿಸಲು ಓಡಿಬಂದವಳು ನರ್ಸಿಂಗ್ ಓದುತ್ತಿದ್ದ ಹುಡುಗಿ. ಅಜ್ಜಿ ಉಳಿಯಲಿಲ್ಲ. ಓದಿನಿಂದ ಏನೂ ಆಗುವುದಿಲ್ಲ ಅಂತ ನಾನು ಹೇಳುತ್ತಿಲ್ಲ. ಆ ಹುಡುಗಿಯೇ ಸಾಕ್ಷಿ. ಆದರೆ ಬೈಬಲ್ ಓದಿಕೊಂಡವನೂ ಎದುರು ಬಣದಲ್ಲೇ ಇದ್ದನಲ್ಲ.

ನನ್ನ ಪ್ರಕಾರ ಕೇಳಬೇಕಾದ ಪ್ರಶ್ನೆಯೇ ಬೇರೆ. ಮಾಟ ಇದೆ ಅಂತ ಊರಲ್ಲಿ ಬಹಳ ಜನ ನಂಬಬಹುದು. ಬೆರಳು ಮಾತ್ರ ಯಾರ ಕಡೆಗೆ ತಿರುಗುತ್ತದೆ? ಊರ ಮುಖ್ಯಸ್ಥನ ಕಡೆಗಲ್ಲ, ದುಡಿಯುವ ಗಂಡುಮಕ್ಕಳು ನಾಲ್ಕು ಜನ ಇರುವ ತಾಯಿಯ ಕಡೆಗೂ ಅಲ್ಲ. ಉತ್ತರ ಘಾನಾದಲ್ಲಿ ಮದುವೆಯಾದ ಹೆಣ್ಣು ಗಂಡನ ಮನೆತನದ ವಠಾರಕ್ಕೆ ಸೇರುತ್ತಾಳೆ. ಹೊಲ-ಮನೆ ಅವರದೇ. ಗಂಡ ಸತ್ತರೆ ಅವಳು ಮೈದುನರ, ಸವತಿಯ ಮಕ್ಕಳ ಮರ್ಜಿಯಲ್ಲಿ ಇರಬೇಕು. ಕುಕುಓ ಶಿಬಿರದಲ್ಲಿದ್ದವರ ಪೈಕಿ ಶೇ. 70ಕ್ಕೂ ಹೆಚ್ಚು ಜನರ ಮೇಲೆ ಆರೋಪ ಬಂದದ್ದು ಗಂಡ ತೀರಿಕೊಂಡ ಮೇಲೆ ಅಂತ 2012ರಲ್ಲಿ ಆ್ಯಕ್ಷನ್‌ಏಡ್ ಸಂಸ್ಥೆ ಹೇಳಿತ್ತು. ನನಗೆ ಈ ಒಂದು ಅಂಕಿಯೇ ಸಾಕು.

ನೆಪಕ್ಕೇನು ಬರ? ಆ ಸೀಮೆಯಲ್ಲಿ ಒಣಹವೆಯ ತಿಂಗಳುಗಳಲ್ಲಿ ಮಿದುಳು ಜ್ವರ ಬರುತ್ತದೆ, ಮಕ್ಕಳು ಸಾಯುತ್ತವೆ. ವಯಸ್ಸಾದ ಮೇಲೆ ಮರೆವು ಬಂದು ಒಬ್ಬಳೇ ಮಾತಾಡಿಕೊಂಡರೆ, ರಾತ್ರಿ ಎದ್ದು ತಿರುಗಿದರೆ ಅದೂ ಅನುಮಾನವೇ. ಎಷ್ಟೋ ಸಲ ಅಷ್ಟೂ ಬೇಕಿಲ್ಲ. ‘ಕನಸಲ್ಲಿ ಬಂದು ಕತ್ತು ಹಿಸುಕಿದಳು’ ಅಂತ ಯಾರಾದರೂ ಅಂದರೆ ಮುಗಿಯಿತು. ಕನಸಿಗೆ ಅಡ್ಡ ಪ್ರಶ್ನೆ ಕೇಳೋಕಾಗುತ್ತಾ?

ಆಮೇಲೆ ಕೋಳಿಯ ಪರೀಕ್ಷೆ. ಗಂಬಾಗಾ ಶಿಬಿರದಲ್ಲಿ, ಆರೋಪ ನಿಜವೋ ಸುಳ್ಳೋ ಅಂತ ತಿಳಿಯಲು, ಕೋಳಿಯ ಕತ್ತು ಕೊಯ್ದು ಬಿಡುತ್ತಾರೆ. ಅದು ಒದ್ದಾಡಿ, ಹಾರಿ, ಬೀಳುತ್ತದೆ. ಅಂಗಾತ ಬಿದ್ದು ಸತ್ತರೆ ಹೆಂಗಸು ನಿರಪರಾಧಿ. ಮುಖ ಅಡಿಯಾಗಿ ಬಿದ್ದರೆ ಮಾಟಗಾತಿ. ತಮಾಷೆ ಏನೆಂದರೆ, ನಿರಪರಾಧಿ ಅಂತ ಆದವಳೂ ಊರಿಗೆ ವಾಪಸು ಹೋಗಲು ಹೆದರುತ್ತಾಳೆ. ಕೋಳಿ ಒಪ್ಪಿದರೂ ಮೈದುನ ಒಪ್ಪಬೇಕಲ್ಲ.

ಅದಕ್ಕೇ ನಿಮ್ಮ ಬೀಗದ ಸಲಹೆಗೆ ನಾನು ತಲೆಯಾಡಿಸಲಾರೆ. ಈಗ ಉಳಿದಿರುವುದು ಗಂಬಾಗಾ, ಕುಕುಓ, ನ್ಯಾನಿ, ಪಾಟಿಂಗಾ, ಈ ನಾಲ್ಕು ಶಿಬಿರ. 500ಕ್ಕೂ ಹೆಚ್ಚು ಜನ ಇದ್ದಾರೆ. ಹುಲ್ಲಿನ ಮಾಡಿನ ಮಣ್ಣಿನ ಗುಡಿಸಲು. ಹೊಟ್ಟೆಗೆ ಬೇರೆಯವರ ಹೊಲದಲ್ಲಿ ಕೂಲಿ. ಕುಕುಓದವರು ನೀರಿಗೆ ಓಟಿ ನದಿವರೆಗೆ ಮೈಲಿಗಟ್ಟಲೆ ನಡೆಯಬೇಕಿತ್ತು. ಅಜ್ಜಿಗೆ ಆಗುವುದಿಲ್ಲ ಅಂತ ಜೊತೆಗೆ ಮೊಮ್ಮಗಳನ್ನು ಕಳಿಸುತ್ತಾರೆ, ಅವಳ ಶಾಲೆ ಅಲ್ಲಿಗೆ ನಿಂತಿತು. ಜೈಲು ಅನ್ನಿ, ತಪ್ಪಿಲ್ಲ. ಆದರೆ ರಾತ್ರೋರಾತ್ರಿ ಕಲ್ಲೇಟು ತಪ್ಪಿಸಿಕೊಂಡು ಓಡಿಬಂದವಳಿಗೆ ಬಾಗಿಲು ತೆರೆದದ್ದೂ ಇದೇ ಜಾಗ. 2014ರಲ್ಲಿ ಸರ್ಕಾರ ಬೊನ್ಯಾಸಿ ಶಿಬಿರ ಮುಚ್ಚಿತು. ಆರೋಪಗಳು ಮುಚ್ಚಲಿಲ್ಲ. ಗಂಬಾಗಾದಲ್ಲಿ ಪ್ರೆಸ್ಬಿಟೇರಿಯನ್ ಚರ್ಚಿನವರು 1994ರಿಂದ ಹೆಂಗಸರನ್ನು ಮನೆ ಸೇರಿಸುವ ಕೆಲಸ ಮಾಡುತ್ತಿದ್ದಾರೆ. ಅವರು ಮೊದಲು ಹೋಗುವುದು ಊರಿಗೆ. ಮನೆಯವರ ಜೊತೆ, ಊರ ಹಿರಿಯರ ಜೊತೆ ಕೂತು ಮಾತಾಡಿ ಒಪ್ಪಿಸಬೇಕು. ನಿಧಾನದ ಕೆಲಸ. ಹೀಗಲ್ಲದೆ ಸುಮ್ನೆ ಗಾಡಿ ಹತ್ತಿಸಿ ಕಳಿಸಿದರೆ ಯಾರ ಕೈಗೆ ಒಪ್ಪಿಸಿದ ಹಾಗಾಯ್ತು, ನೀವೇ ಹೇಳಿ.

ಕಾನೂನು ಏನು ಮಾಡುತ್ತಿದೆ ಅಂತಲೂ ಕೇಳಿದ್ದೀರಿ. 2020ರ ಜುಲೈಯಲ್ಲಿ ಕಫಾಬಾ ಅನ್ನುವ ಊರಿನಲ್ಲಿ 90 ವರ್ಷದ ಮುದುಕಿಯನ್ನು ಜನರೆದುರೇ ಹೊಡೆದು ಕೊಂದರು. ಸುತ್ತ ನಿಂತವರು ನೋಡಿದರು, ಯಾರೋ ವಿಡಿಯೋ ಮಾಡಿದರು. ಕಣಿ ಹೇಳುವ ಹೆಂಗಸೊಬ್ಬಳೂ ಸೇರಿ ಇಬ್ಬರಿಗೆ 2023ರಲ್ಲಿ 12 ವರ್ಷ ಶಿಕ್ಷೆಯಾಯಿತು. ಮೊಬೈಲ್ ಬಂದ ಕಾಲ ಅಂದಿರಲ್ಲ, ಆ ವಿಡಿಯೋ ಇಲ್ಲದಿದ್ದರೆ ದೇಶ ಅಷ್ಟು ಬೆಚ್ಚಿಬೀಳುತ್ತಿತ್ತೋ ಇಲ್ಲವೋ.

ಅದೇ 2023ರ ಜುಲೈಯಲ್ಲಿ, ಒಬ್ಬರನ್ನು ಮಾಟಗಾತಿ ಅಂತ ಕರೆಯುವುದೇ ಅಪರಾಧ ಅನ್ನುವ ಮಸೂದೆಗೆ ಘಾನಾದ ಸಂಸತ್ತು ಒಪ್ಪಿಗೆ ಕೊಟ್ಟಿತು. ಮಂಡಿಸಿದ್ದು ಫ್ರಾನ್ಸಿಸ್-ಕ್ಸೇವಿಯರ್ ಸೋಸು ಮತ್ತಿತರ ಸದಸ್ಯರು. ಆಗಿನ ಅಧ್ಯಕ್ಷ ಅಕುಫೊ-ಅಡೊ ಸಹಿ ಹಾಕಲಿಲ್ಲ. ಸರ್ಕಾರ ತರದೆ ಸದಸ್ಯರೇ ತಂದ ಈ ಖಾಸಗಿ ಮಸೂದೆಯಿಂದ ಬೊಕ್ಕಸಕ್ಕೆ ಖರ್ಚು ಬೀಳುತ್ತದೆ, ಸಂವಿಧಾನ ಒಪ್ಪುವುದಿಲ್ಲ ಅನ್ನುವುದು ಅವರ ವಾದ. ಹಾಗಿದ್ದರೆ ಸರ್ಕಾರವೇ ಅದನ್ನು ಮಂಡಿಸಬಹುದಿತ್ತು. 2025ರಲ್ಲಿ, ಹೊಸ ಅಧ್ಯಕ್ಷರು ಬಂದ ಮೇಲೆ, ಮಸೂದೆ ಮತ್ತೆ ಸಂಸತ್ತಿಗೆ ಬಂತು. ಅದು ಕಾಯ್ದೆಯಾದರೆ ಕನಸಿನ ಕತೆ ಹೇಳಿ ಹೆಸರು ಹಿಡಿದವನ ಮೇಲೆ ಅವತ್ತೇ ಕೇಸು ಹಾಕಬಹುದು, ಹೊಡೆತ ಬೀಳುವತನಕ ಕಾಯಬೇಕಿಲ್ಲ.

- ಸಂಪಾದಕ