ಪುಸ್ತಕ ಪ್ರಶ್ನೋತ್ತರ: ಯಾವ ಪಾಠ, ಯಾವ ಮುದ್ರಣ?

ಪ್ರಶ್ನೆ: ಮೊಬೈಲಿಗೆ ದಿನಕ್ಕೊಂದು ವಚನ ಬರುತ್ತದೆ. ಕೊನೆಯಲ್ಲಿ ‘ಕೂಡಲಸಂಗಮದೇವ’ ಎಂದಿದ್ದರೆ ಬಸವಣ್ಣನವರದೇ ಎಂದು ನಂಬಬಹುದೇ? ಖಚಿತಪಡಿಸಿಕೊಳ್ಳಲು ಹದಿನೈದೂ ಸಂಪುಟ ಕೊಳ್ಳಬೇಕೇ?
– ಓದುಗರು, ಬಾಗಲಕೋಟೆ

ಅಂಕಿತವೊಂದನ್ನೇ ನಂಬಬೇಡಿ. ಇವತ್ತು ಯಾರಾದರೂ ನಾಲ್ಕು ಸಾಲು ಬರೆದು ತುದಿಗೆ ಅಂಕಿತ ಅಂಟಿಸಿ ಕಳಿಸಬಹುದು. ಹಾಗೆ ಬಂದದ್ದು ನೂರು ಮಂದಿಯ ಕೈ ದಾಟುವಷ್ಟರಲ್ಲಿ ಹನ್ನೆರಡನೇ ಶತಮಾನದ್ದಾಗಿಬಿಡುತ್ತದೆ. ಬಸವಣ್ಣನವರ ಮಾತಿನ ಬಗ್ಗೆ ಗೌರವ ಇದ್ದವರು ಮುಂದಕ್ಕೆ ಕಳಿಸುವ ಮೊದಲು ಐದು ನಿಮಿಷ ಹುಡುಕಬೇಕು.

ಹುಡುಕುವ ಜಾಗ ಕರ್ನಾಟಕ ಸರ್ಕಾರದ ‘ಸಮಗ್ರ ವಚನ ಸಂಪುಟ’. ಪ್ರಧಾನ ಸಂಪಾದಕರು ಎಂ. ಎಂ. ಕಲಬುರ್ಗಿ. ಒಂದನೆಯ ಸಂಪುಟ ಬಸವಣ್ಣನವರದು, ಎರಡನೆಯದು ಅಲ್ಲಮನದು, ಮೂರನೆಯದು ಚೆನ್ನಬಸವಣ್ಣನದು, ನಾಲ್ಕನೆಯದು ಸಿದ್ಧರಾಮನದು, ಐದನೆಯದು ಶರಣೆಯರದು. ಹದಿನೈದನೆಯದು ಪರಿಭಾಷಾ ಕೋಶ. ಪುಸ್ತಕ ಕೈಲಿಲ್ಲದಿದ್ದರೆ ‘ವಚನ ಸಂಚಯ’ ಜಾಲತಾಣದಲ್ಲಿ ಪದ ಕೊಟ್ಟು ಹುಡುಕಬಹುದು.

ಹುಡುಕಿದರೂ ಸಿಗಲಿಲ್ಲ ಎನ್ನುವವರಲ್ಲಿ ಹೆಚ್ಚಿನವರು ವಚನದ ಮೊದಲ ಸಾಲನ್ನು ಇಡಿಯಾಗಿ ಬರೆದು ಹುಡುಕಿರುತ್ತಾರೆ. ಬಾಯಿಂದ ಬಾಯಿಗೆ ಬರುವಾಗ ‘ಅಯ್ಯಾ’ ಸೇರುತ್ತದೆ, ಬಿಡುತ್ತದೆ. ‘ಮಾಡುವರಯ್ಯಾ’ ಎಂಬುದು ‘ಮಾಡುವರು’ ಆಗುತ್ತದೆ, ದೀರ್ಘ ಹ್ರಸ್ವವಾಗುತ್ತದೆ. ಅದಕ್ಕೆ ನಡುವಿನ ಒಂದು ಅಪರೂಪದ ನಾಮಪದ ಹಿಡಿಯಿರಿ, ಪ್ರತ್ಯಯ ತೆಗೆದು ಹುಡುಕಿ. ‘ಉಳ್ಳವರು ಶಿವಾಲಯ ಮಾಡುವರು’ ವಚನವನ್ನೇ ತೆಗೆದುಕೊಳ್ಳಿ. ‘ಮಾಡು’ ಎಂದರೆ ರಾಶಿ ಬಂದು ಬೀಳುತ್ತದೆ, ‘ಹೊನ್ನ ಕಳಸ’ ಎಂದರೆ ಬೇಗ ಸಿಗುತ್ತದೆ. ಇದೇ ವಚನದಲ್ಲಿ ಇನ್ನೊಂದನ್ನೂ ಗಮನಿಸಿ. ಅಂಕಿತ ಇಲ್ಲಿ ಕಟ್ಟಕಡೆಗಿಲ್ಲ. ‘ಕೂಡಲಸಂಗಮದೇವಾ ಕೇಳಯ್ಯಾ’ ಎಂದ ಮೇಲೆ ಸ್ಥಾವರ–ಜಂಗಮದ ಮಾತು ಬರುತ್ತದೆ. ಕೊನೆಯಲ್ಲಿ ಅಂಕಿತ ಇಲ್ಲದ ಮಾತ್ರಕ್ಕೆ ಸುಳ್ಳು ವಚನ ಎನ್ನುವುದೂ ಆತುರವೇ.

ಅಂಕಿತಗಳನ್ನು ಅಕ್ಷರ ಬಿಡದೆ ಓದಿ. ‘ಕೂಡಲಚೆನ್ನಸಂಗಮದೇವ’ ಎಂದಿದ್ದರೆ ಅದು ಚೆನ್ನಬಸವಣ್ಣನವರದು. ನಡುವಿನ ‘ಚೆನ್ನ’ ಬಿಟ್ಟುಹೋಗಿ ಅವರ ಎಷ್ಟೋ ವಚನಗಳು ಬಸವಣ್ಣನವರ ಹೆಸರಿಗೆ ಜಮೆಯಾಗುತ್ತವೆ. ಬಸವಣ್ಣನವರ ಅಂಕಿತವನ್ನೇ ‘ಲಿಂಗದೇವ’ ಎಂದು ಬದಲಿಸಿ ಅಚ್ಚು ಹಾಕಿದ್ದೂ ಉಂಟು. ಅಂಥ ಪ್ರಕಟಣೆಯೊಂದನ್ನು 1998ರಲ್ಲಿ ಸರ್ಕಾರ ಮುಟ್ಟುಗೋಲು ಹಾಕಿಕೊಂಡಿತು, 2017ರಲ್ಲಿ ಸುಪ್ರೀಂ ಕೋರ್ಟು ಆ ಕ್ರಮವನ್ನು ಎತ್ತಿಹಿಡಿಯಿತು.

ಹದಿನೈದನ್ನೂ ಒಟ್ಟಿಗೆ ಕೊಳ್ಳುವ ಅಗತ್ಯವಿಲ್ಲ. ಒಂದು, ಎರಡು, ಐದು ಮತ್ತು ಹದಿನೈದು ಮೊದಲು ಬರಲಿ. ಕೋಶವಿಲ್ಲದೆ ಅಲ್ಲಮನನ್ನು ಓದಲು ಹೋದರೆ ‘ಬಯಲು’, ‘ಸ್ಥಲ’, ‘ಪ್ರಾಣಲಿಂಗ’ದಂಥ ಮಾತುಗಳನ್ನು ಇವತ್ತಿನ ಅರ್ಥದಲ್ಲಿ ಹಿಡಿದು ದಾರಿ ತಪ್ಪುತ್ತೇವೆ.

‘ಶೂನ್ಯಸಂಪಾದನೆ’ ಓದುವಾಗ ಒಂದು ಎಚ್ಚರ ಬೇಕು. ಅಕ್ಕ ಮತ್ತು ಅಲ್ಲಮರ ಮಾತುಕತೆ ಅನುಭವ ಮಂಟಪದಲ್ಲಿ ಕುಳಿತು ಯಾರೋ ಬರೆದುಕೊಂಡ ವರದಿಯಲ್ಲ. ಬಿಡಿಬಿಡಿಯಾಗಿದ್ದ ವಚನಗಳನ್ನು ಹದಿನೈದನೇ ಶತಮಾನದಲ್ಲಿ ಶಿವಗಣಪ್ರಸಾದಿ ಮಹಾದೇವಯ್ಯ ಸಂವಾದವಾಗಿ ಜೋಡಿಸಿದರು. ಆಮೇಲೆ ಹಲಗೆಯದೇವ, ಗುಮ್ಮಳಾಪುರದ ಸಿದ್ಧಲಿಂಗ, ಗೂಳೂರು ಸಿದ್ಧವೀರಣ್ಣ ತಮ್ಮ ತಮ್ಮ ರೀತಿಯಲ್ಲಿ ಮತ್ತೆ ಕಟ್ಟಿದರು. ವಚನ ಶರಣರದು, ಪ್ರಶ್ನೆಗೆ ಉತ್ತರವಾಗಿ ಕೂರಿಸಿದ ಕೈ ಸಂಪಾದಕರದು. ಆ ಕೈಚಳಕ ಎಷ್ಟು ದೊಡ್ಡದೆಂದು ಕಾಣಬೇಕಾದರೆ ಒಂದು ವಚನವನ್ನು ಸಂಪುಟದಲ್ಲಿ ಒಮ್ಮೆ, ಸಂಪಾದನೆಯೊಳಗೆ ಇನ್ನೊಮ್ಮೆ ಓದಿ ನೋಡಿ.

ಪ್ರಶ್ನೆ: ಪರಮಹಂಸ ಯೋಗಾನಂದರ ಆತ್ಮಕಥೆಯ ಎರಡು ಇಂಗ್ಲಿಷ್ ಪ್ರತಿ ನಮ್ಮಲ್ಲಿವೆ. ಒಂದರಲ್ಲಿ 48 ಅಧ್ಯಾಯ, ಇನ್ನೊಂದರಲ್ಲಿ 49. ಒಂದು ನಕಲಿಯೇ?
– ಓದುಗರು, ಹಾಸನ

ನಕಲಿಯಲ್ಲ. 1946ರಲ್ಲಿ ನ್ಯೂಯಾರ್ಕಿನಲ್ಲಿ ಅಚ್ಚಾದ ಮೊದಲ ಆವೃತ್ತಿಗೆ 48 ಅಧ್ಯಾಯ. 1940ರಿಂದ 1951ರವರೆಗಿನ ಸಂಗತಿಗಳ ಅಧ್ಯಾಯ ಆಮೇಲೆ ಸೇರಿತು. ನಂತರದ ಮುದ್ರಣಗಳಲ್ಲಿ ಹಿಂದಿನ ಅಧ್ಯಾಯಗಳಲ್ಲೂ ತಿದ್ದುಪಡಿಗಳಿವೆ. ಉಲ್ಲೇಖಿಸುವಾಗ ಪುಟಸಂಖ್ಯೆ ಮಾತ್ರ ಕೊಟ್ಟರೆ ಓದುವವರಿಗೆ ಸಿಗುವುದಿಲ್ಲ, ಅಧ್ಯಾಯ ಮತ್ತು ಮುದ್ರಣದ ವರ್ಷ ಎರಡನ್ನೂ ಬರೆಯಿರಿ.

ಪ್ರಶ್ನೆ: ಭಾರತೀಯ ದರ್ಶನಗಳನ್ನು ಕ್ರಮವಾಗಿ ಓದಬೇಕೆಂದಿದೆ. ಸಂಸ್ಕೃತ ಅಷ್ಟಾಗಿ ಬಾರದು. ರಾಧಾಕೃಷ್ಣನ್, ದಾಸಗುಪ್ತ, ಹಿರಿಯಣ್ಣ, ಇವರಲ್ಲಿ ಮೊದಲು ಯಾರು?
– ಓದುಗರು, ತುಮಕೂರು

ಹಿರಿಯಣ್ಣ. ಸುರೇಂದ್ರನಾಥ ದಾಸಗುಪ್ತರದು 1922ರಲ್ಲಿ ಶುರುವಾಗಿ, ಅವರು ತೀರಿಕೊಂಡ ಮೇಲೆ 1955ರಲ್ಲಿ ಮುಗಿದ ಐದು ಸಂಪುಟ. ಅದು ಬೇಕಾದಾಗ ತೆರೆದು ನೋಡುವ ಆಕರ. ರಾಧಾಕೃಷ್ಣನ್ ಅವರ ಎರಡು ಸಂಪುಟಗಳ (1923, 1927) ಗದ್ಯ ಸೊಗಸು, ಆದರೆ ಪಾಶ್ಚಾತ್ಯ ದಾರ್ಶನಿಕರ ಹೋಲಿಕೆ ಹೆಜ್ಜೆ ಹೆಜ್ಜೆಗೂ ಬರುವುದರಿಂದ ಹೊಸಬರ ಗಮನ ಚದುರುತ್ತದೆ. ಎಂ. ಹಿರಿಯಣ್ಣನವರ ‘ಔಟ್‌ಲೈನ್ಸ್ ಆಫ್ ಇಂಡಿಯನ್ ಫಿಲಾಸಫಿ’ (1932) ಮೈಸೂರು ವಿಶ್ವವಿದ್ಯಾನಿಲಯದಲ್ಲಿ ವರ್ಷಗಟ್ಟಲೆ ಮಾಡಿದ ಪಾಠಗಳಿಂದ ಹುಟ್ಟಿದ ಪುಸ್ತಕ. ಎಲ್ಲಿ ವಿದ್ಯಾರ್ಥಿ ಎಡವುತ್ತಾನೆ ಎಂಬುದು ಬರೆದವರಿಗೆ ಗೊತ್ತಿದೆ, ಒಂದು ಮಾತೂ ಹೆಚ್ಚಿಲ್ಲ. ಅದೂ ಭಾರವೆನಿಸಿದರೆ 1949ರಲ್ಲಿ ಬಂದ ಅವರದೇ ಚಿಕ್ಕ ‘ಎಸೆನ್ಷಿಯಲ್ಸ್’ ಓದಿ.

ನೇರ ವೇದಾಂತದ ಅಧ್ಯಾಯಕ್ಕೆ ಹಾರುವವರೇ ಜಾಸ್ತಿ, ಅಲ್ಲೇ ಕೆಡುವುದು. ಸಾಂಖ್ಯವನ್ನು ತಿಳಿಯದೆ ಪ್ರಕೃತಿ, ಗುಣ, ಪರಿಣಾಮ ಎಂಬ ಮಾತುಗಳು ಗಟ್ಟಿಯಾಗುವುದಿಲ್ಲ. ಅವು ಗಟ್ಟಿಯಾಗದೆ ಶಂಕರರು ಯಾರನ್ನು, ಯಾಕೆ ಖಂಡಿಸುತ್ತಿದ್ದಾರೆ ಎಂಬುದೂ ತಿಳಿಯುವುದಿಲ್ಲ. ನ್ಯಾಯ–ವೈಶೇಷಿಕ, ಸಾಂಖ್ಯ–ಯೋಗ, ಮೀಮಾಂಸೆ, ಆಮೇಲೆ ವೇದಾಂತ. ಈ ಕ್ರಮ ಬಿಡಬೇಡಿ.

ಓದುತ್ತಾ ಒಂದು ಹಾಳೆಯಲ್ಲಿ ಯಾರು ಎಷ್ಟು ಪ್ರಮಾಣ, ಅಂದರೆ ಸರಿಯಾದ ತಿಳಿವಿಗೆ ಎಷ್ಟು ಸಾಧನ, ಒಪ್ಪುತ್ತಾರೆ ಎಂದು ಬರೆದಿಟ್ಟುಕೊಳ್ಳಿ. ಚಾರ್ವಾಕರಿಗೆ ಪ್ರತ್ಯಕ್ಷ ಒಂದೇ. ಬೌದ್ಧರಿಗೂ ವೈಶೇಷಿಕರಿಗೂ ಅನುಮಾನ (ಸಂಶಯವಲ್ಲ, ತರ್ಕದಿಂದ ತಿಳಿಯುವುದು) ಸೇರಿ ಎರಡು. ಸಾಂಖ್ಯರಿಗೆ ಶಬ್ದ (ನಂಬಬಹುದಾದವರ ಮಾತು) ಸೇರಿ ಮೂರು, ವಿಶಿಷ್ಟಾದ್ವೈತ–ದ್ವೈತಗಳಿಗೂ ಮೂರೇ. ನೈಯಾಯಿಕರಿಗೆ ಉಪಮಾನ (ಹೋಲಿಕೆ) ಸೇರಿ ನಾಲ್ಕು, ಪ್ರಾಭಾಕರ ಮೀಮಾಂಸಕರಿಗೆ ಅರ್ಥಾಪತ್ತಿ (ಬೇರೆ ವಿವರಣೆ ಇಲ್ಲದ್ದರಿಂದ ಹೀಗೇ ಇರಬೇಕೆಂದು ತಿಳಿಯುವುದು) ಸೇರಿ ಐದು, ಭಾಟ್ಟ ಮೀಮಾಂಸಕರಿಗೂ ಅದ್ವೈತಿಗಳಿಗೂ ಅನುಪಲಬ್ಧಿ (ಕಾಣದಿರುವುದರಿಂದ ಇಲ್ಲವೆಂದು ತಿಳಿಯುವುದು) ಸೇರಿ ಆರು. ಈ ಹಾಳೆ ಎದುರಿಗಿದ್ದರೆ ಪುಸ್ತಕದ ಅರ್ಧ ವಾದಗಳು ಎಲ್ಲಿಂದ ಏಳುತ್ತವೆ ಎಂಬುದು ಕಣ್ಣಿಗೇ ಕಾಣುತ್ತದೆ. ದಿನಕ್ಕೆ ಐದಾರು ಪುಟ ಸಾಕು. ಅಡಿಟಿಪ್ಪಣಿ ಬಿಡಬೇಡಿ, ಮೂಲದ ಸಂಸ್ಕೃತ ಮಾತು ಇರುವುದು ಅಲ್ಲೇ.

ದರ್ಶನದಿಂದ ಸಾಹಿತ್ಯದ ಕಡೆ ಹೊರಳುವ ಮನಸ್ಸಾದರೆ ತೀ. ನಂ. ಶ್ರೀಕಂಠಯ್ಯನವರ ‘ಭಾರತೀಯ ಕಾವ್ಯಮೀಮಾಂಸೆ’ ಇದೆ. ರಸ, ಧ್ವನಿ ಕುರಿತು ಕನ್ನಡದಲ್ಲಿ ಅಷ್ಟು ತಿಳಿಯಾಗಿ ಬರೆದ ಇನ್ನೊಂದು ಪುಸ್ತಕ ಹುಡುಕುವುದು ಕಷ್ಟ.

ಪ್ರಶ್ನೆ: ಸಣ್ಣ ಊರಿನಲ್ಲಿ ಚಿತ್ರಸಮಾಜ ಕಟ್ಟಿದ್ದೇವೆ. ಸಿನಿಮಾ ನೋಡಿದ ಮೇಲೆ ಚರ್ಚೆ ‘ಚೆನ್ನಾಗಿದೆ, ಚೆನ್ನಾಗಿಲ್ಲ’ ದಾಟುತ್ತಿಲ್ಲ. ಯಾವ ಪುಸ್ತಕ, ಹೇಗೆ ಓದಿಸಬೇಕು?
– ಓದುಗರು, ಸಾಗರ

ಪಕ್ಕದ ಹೆಗ್ಗೋಡಿನಲ್ಲೇ ನೀನಾಸಮ್ 1973ರಲ್ಲಿ ಚಿತ್ರಸಮಾಜ ಕಟ್ಟಿ ದಾರಿ ಮಾಡಿಕೊಟ್ಟಿದೆ, ಅಲ್ಲಿಯ ಹಳಬರನ್ನು ಮಾತಾಡಿಸಿ. ಪುಸ್ತಕಗಳಲ್ಲಿ ಮೊದಲಿಗೆ ಸತ್ಯಜಿತ್ ರಾಯ್ ಅವರ ‘ಅವರ್ ಫಿಲ್ಮ್ಸ್, ದೇರ್ ಫಿಲ್ಮ್ಸ್’ (1976). ಭಾರತೀಯ ಸಿನಿಮಾದಲ್ಲಿ ಏನು ತಪ್ಪಿದೆ ಎಂದು ಕೇಳುವ ಅದರೊಳಗಿನ ಲೇಖನ 1948ರದು, ‘ಪಥೇರ್ ಪಾಂಚಾಲಿ’ ಬರುವುದಕ್ಕೆ ಏಳು ವರ್ಷ ಮೊದಲಿನದು. ಇಡೀ ಪುಸ್ತಕ ಓದಿಸಬೇಡಿ, ಒಂದು ಸಭೆಗೆ ಒಂದು ಲೇಖನ. ‘ಮೈ ಇಯರ್ಸ್ ವಿತ್ ಅಪು’ (1994) ಓದುವಾಗ ನೆನಪಿರಲಿ, ಅದರ ಅಂತಿಮ ಹಸ್ತಪ್ರತಿ ಕಳವಾಗಿ ರಾಯ್ ಅವರ ಪತ್ನಿ ಬಿಜೊಯಾ ರಾಯ್ ಮೊದಲ ಕರಡಿನಿಂದ ಸಿದ್ಧಪಡಿಸಿದ್ದು. ಅಲ್ಲಲ್ಲಿ ಬರಹ ಒರಟೆನಿಸಿದರೆ ಕಾರಣ ಅದು.

ಚರ್ಚೆ ಮುಂದೆ ಹೋಗದಿರುವುದು ಓದು ಕಡಿಮೆಯಾಗಿ ಅಲ್ಲ, ನೋಡಿದ್ದು ನೆನಪಿನಲ್ಲಿ ನಿಲ್ಲದೆ. ಹತ್ತು ನಿಮಿಷದ ಒಂದು ಭಾಗ ಆರಿಸಿ. ಮೊದಲು ಹಾಗೇ ನೋಡಿ, ಎರಡನೇ ಸಲ ದನಿ ಮುಚ್ಚಿ ನೋಡಿ, ಮೂರನೇ ಸಲ ಪರದೆಗೆ ಬೆನ್ನು ಮಾಡಿ ಕೇಳಿ ಮಾತ್ರ. ಆಮೇಲೆ ಹಾಳೆಯಲ್ಲಿ ಐದು ಕಂಬಸಾಲು ಹಾಕಿ: ಶಾಟ್ ಸಂಖ್ಯೆ, ಎಷ್ಟು ಸೆಕೆಂಡು, ಕ್ಯಾಮೆರಾ ದೂರವೋ ಹತ್ತಿರವೋ, ಅದು ಅಲುಗಿತೋ ಇಲ್ಲವೋ, ಏನು ಕೇಳಿಸಿತು. ಅರ್ಥ, ಸಂಕೇತ ಎಂಬ ಮಾತು ಆ ಹಾಳೆ ತುಂಬುವವರೆಗೆ ಬೇಡ. ಹಾಳೆ ತುಂಬಿದ ಮೇಲೆ ‘ಇಲ್ಲಿ ಯಾಕೆ ಕತ್ತರಿಸಿದರು?’ ಎಂದು ಒಬ್ಬರು ಕೇಳಿದರೆ ಸಾಕು, ಮಾತು ತಾನೇ ಬೆಳೆಯುತ್ತದೆ.

ಕನ್ನಡದ್ದೇ ಬೇಕೆಂದರೆ ಯು. ಆರ್. ಅನಂತಮೂರ್ತಿಯವರ ‘ಸಂಸ್ಕಾರ’ ಕಾದಂಬರಿ (1965), ಪಟ್ಟಾಭಿರಾಮ ರೆಡ್ಡಿಯವರ ಚಿತ್ರ (1970), ಪ್ರಾಣೇಶಾಚಾರ್ಯನ ಪಾತ್ರ ಮಾಡಿದ ಗಿರೀಶ ಕಾರ್ನಾಡರ ಆತ್ಮಕಥೆ ‘ಆಡಾಡತಾ ಆಯುಷ್ಯ’ (2011), ಈ ಮೂರನ್ನು ಒಟ್ಟಿಗೆ ಇಟ್ಟುಕೊಳ್ಳಿ. ಕಾದಂಬರಿಯಲ್ಲಿ ಪ್ರಾಣೇಶಾಚಾರ್ಯನ ಮನಸ್ಸಿನೊಳಗೆ ಪುಟಗಟ್ಟಲೆ ನಡೆಯುವುದನ್ನು ಕ್ಯಾಮೆರಾ ಯಾವುದರಿಂದ ತುಂಬಿಸಿತು, ಏನನ್ನು ಬಿಟ್ಟಿತು ಎಂದು ಪಟ್ಟಿ ಮಾಡಿದರೆ ಎರಡು ಸಭೆಗೆ ಸಾಕಾಗುವಷ್ಟಿದೆ. ಕನ್ನಡ ಜನಪ್ರಿಯ ಚಿತ್ರಗಳ ವಿಶ್ಲೇಷಣೆಗೆ ಎಂ. ಕೆ. ರಾಘವೇಂದ್ರ ಅವರ ‘ಬೈಪೋಲಾರ್ ಐಡೆಂಟಿಟಿ’ (2011), ಮಾಹಿತಿಗೆ ದೊಡ್ಡಹುಲ್ಲೂರು ರುಕ್ಕೋಜಿ ಅವರ ‘ಡಾ. ರಾಜಕುಮಾರ್ ಸಮಗ್ರ ಚರಿತ್ರೆ’. ಎರಡನೆಯದಕ್ಕೆ ಸಿನಿಮಾ ಕುರಿತ ಅತ್ಯುತ್ತಮ ಪುಸ್ತಕವೆಂದು ರಾಷ್ಟ್ರಪ್ರಶಸ್ತಿ ಬಂದಿದೆ.

ಇಸವಿಗಳ ಬಗ್ಗೆ ಜಗಳವಾಡುವ ಮೊದಲು ಯಾವ ಇಸವಿ ಎಂದು ಕೇಳಿ. ಸೆನ್ಸಾರ್ ಪ್ರಮಾಣಪತ್ರದ್ದೊಂದು, ತೆರೆಗೆ ಬಂದದ್ದೊಂದು. ರಾಷ್ಟ್ರಪ್ರಶಸ್ತಿ ಲೆಕ್ಕಕ್ಕೆ ಹಿಡಿಯುವುದು ಪ್ರಮಾಣಪತ್ರದ ವರ್ಷ. ‘ವಂಶವೃಕ್ಷ’ ಕೆಲವು ಪುಸ್ತಕಗಳಲ್ಲಿ 1971, ಕೆಲವುಗಳಲ್ಲಿ 1972 ಎಂದಿರುವುದನ್ನು ನೋಡುವಾಗ ಇದು ಗಮನದಲ್ಲಿರಲಿ.

ಪ್ರಶ್ನೆ: ಹಳೆಯ ಕನ್ನಡ ಪುಸ್ತಕಗಳನ್ನು ಸ್ಕ್ಯಾನ್ ಮಾಡಿ ನಮ್ಮ ಬಳಗದಲ್ಲಿ ಹಂಚಬಹುದೇ?
– ಓದುಗರು, ಮಸ್ಕತ್

ನೀವಿರುವ ದೇಶದ ಕಾಯಿದೆ ಬೇರೆ ಇರಬಹುದು. ಭಾರತದಲ್ಲಿ ಲೇಖಕರು ತೀರಿಕೊಂಡ ವರ್ಷದ ಮುಂದಿನ ಜನವರಿ 1ರಿಂದ 60 ವರ್ಷ ಕೃತಿಸ್ವಾಮ್ಯದ ಹಕ್ಕು ಇರುತ್ತದೆ. ಫ. ಗು. ಹಳಕಟ್ಟಿಯವರು 1964ರಲ್ಲಿ ತೀರಿಕೊಂಡರು, ಆದ್ದರಿಂದ 1923ರ ‘ವಚನಶಾಸ್ತ್ರ ಸಾರ’ 2025ರ ಆರಂಭದಿಂದ ಮುಕ್ತ. ಡಿ. ವಿ. ಗುಂಡಪ್ಪನವರು ತೀರಿಕೊಂಡದ್ದು 1975ರಲ್ಲಿ, ‘ಮಂಕುತಿಮ್ಮನ ಕಗ್ಗ’ದ ಹಕ್ಕು 2035ರ ಕೊನೆಯವರೆಗೆ ಇದೆ. ಅವರು ತೀರಿಕೊಂಡ ಮೇಲೆ, 1984ರಲ್ಲಿ, ಪ್ರಕಟವಾದ ‘ಮರುಳ ಮುನಿಯನ ಕಗ್ಗ’ಕ್ಕೆ ಲೆಕ್ಕ ಬೇರೆ, ಅಲ್ಲಿ ಪ್ರಕಟಣೆಯ ವರ್ಷದಿಂದ ಎಣಿಸಬೇಕು. ಮೂಲ ಮುಕ್ತವಾದರೂ ಅನುವಾದ, ವ್ಯಾಖ್ಯಾನ, ಹೊಸ ಮುನ್ನುಡಿಗಳಿಗೆ ಅವುಗಳದೇ ಹಕ್ಕು ಇರುತ್ತದೆ. ಹಾಗಾಗಿ ಇತ್ತೀಚಿನ ಮರುಮುದ್ರಣ ಬಿಟ್ಟು ಹಳೆಯ ಮುದ್ರಣವನ್ನೇ ಸ್ಕ್ಯಾನ್ ಮಾಡಿ.

ಪ್ರಶ್ನೆ: ಮಳೆನೀರು ಸೋರಿ ಪುಸ್ತಕಗಳು ನೆನೆದಿವೆ. ಬಿಸಿಲಿಗೆ ಹಾಕಬಹುದೇ?
– ಓದುಗರು, ಪುತ್ತೂರು

ಬಿಸಿಲು ಬೇಡ, ಪುಟಗಳು ಸೊಟ್ಟಗಾಗಿ ಬೆನ್ನು ಬಿರಿಯುತ್ತದೆ. ಸಾಧಾರಣ ಕಾಗದದ ಪುಸ್ತಕಗಳಲ್ಲಿ ಹತ್ತು ಹದಿನೈದು ಪುಟಕ್ಕೊಂದರಂತೆ ಅಚ್ಚಿಲ್ಲದ ಬಿಳಿ ಹಾಳೆ ಇಟ್ಟು, ಅದು ಒದ್ದೆಯಾದಂತೆ ಬದಲಿಸಿ. ನೀರು ಇಳಿದ ಮೇಲೆ ಬೀಸಣಿಗೆ ಗಾಳಿಗೆ ಬಿಡಿಸಿ ನಿಲ್ಲಿಸಿ. ಅವಸರ ಬೇಕಿರುವುದು ಸಿನಿಮಾ ಪುಸ್ತಕಗಳಿಗೆ. ಸ್ಥಿರಚಿತ್ರ ಅಚ್ಚಾದ ನುಣುಪು ಆರ್ಟ್ ಪೇಪರಿನ ಪುಟಗಳು ಅಂಟಿಕೊಂಡೇ ಒಣಗಿದರೆ ಇಟ್ಟಿಗೆಯಂತಾಗುತ್ತವೆ, ಆಮೇಲೆ ಬಿಡಿಸಲು ಆಗುವುದಿಲ್ಲ. ಒದ್ದೆ ಇರುವಾಗಲೇ ಒಂದೊಂದೇ ಪುಟ ಬಿಡಿಸಿ ನಡುವೆ ಹಾಳೆ ಇಡಿ. ಅಷ್ಟು ಪುರುಸೊತ್ತಿಲ್ಲದಿದ್ದರೆ ಪ್ಲಾಸ್ಟಿಕ್ ಚೀಲದಲ್ಲಿ ಕಟ್ಟಿ ಎರಡು ದಿನದೊಳಗೆ ಫ್ರೀಜರಿಗೆ ಹಾಕಿ. ಬೂಷ್ಟು ಹತ್ತುವುದೂ ಅಂಟುವುದೂ ಅಲ್ಲಿಗೆ ನಿಲ್ಲುತ್ತದೆ, ಒಂದೊಂದಾಗಿ ಹೊರತೆಗೆದು ಒಣಗಿಸಬಹುದು. ಹರಿದ ಪುಟಕ್ಕೆ ಸೆಲ್ಲೋಟೇಪ್ ಹಚ್ಚಬೇಡಿ, ಅದರ ಅಂಟು ಕೆಲವೇ ವರ್ಷದಲ್ಲಿ ಹಳದಿಯಾಗಿ ಅಕ್ಷರವನ್ನೇ ಮುಚ್ಚುತ್ತದೆ. ತೆಳು ಟಿಶ್ಯೂ ಕಾಗದಕ್ಕೆ ಗೋಧಿ ಪಿಷ್ಟದ ಅಂಟು ಹಚ್ಚಿ ಅಂಟಿಸಿ.