ಬೀಟಲ್ ಕಾರು ಬಂತು, ಆ ಹತ್ತು ವರ್ಷ ಎಲ್ಲಿ?

ನಮಸ್ಕಾರ.

ಉರುಗ್ವೆಯ ಮಾಜಿ ಅಧ್ಯಕ್ಷರ ಬಗ್ಗೆ ನೀವು ಕಳಿಸಿದ ಲೇಖನವನ್ನು ಎರಡು ಸಲ ಓದಿದೆ. ಈಗಿರುವ ಹಾಗೆ ಹಾಕಲು ಆಗುವುದಿಲ್ಲ. ಹಾಗಂತ ಬುಟ್ಟಿಗೆ ಎಸೆಯುವ ಲೇಖನವೂ ಅಲ್ಲ. ಅದಕ್ಕೇ ಇಷ್ಟುದ್ದ ಬರೆಯುತ್ತಿದ್ದೇನೆ.

ಮೊದಲು ಹೆಸರು. ‘ಜೋಸ್ ಮುಜಿಕಾ’ ಅಲ್ಲ, ಹೊಸೆ ಮುಹಿಕಾ. ಸ್ಪ್ಯಾನಿಷ್‌ನವರ ಬಾಯಲ್ಲಿ ಅಲ್ಲಿ ‘ಜ’ ಬರುವುದಿಲ್ಲ. ಇದು ಸಣ್ಣ ವಿಷಯ, ಮುಂದಿನದು ಸಣ್ಣದಲ್ಲ.

‘ಸರ್ವಾಧಿಕಾರದ ವಿರುದ್ಧ ಬಂದೂಕು ಹಿಡಿದ ವೀರ’ ಎಂದು ಶುರು ಮಾಡಿದ್ದೀರಿ. ತಪ್ಪು. ಮುಹಿಕಾ ಸೇರಿದ್ದ ತುಪಮಾರೊ ಎಂಬ ಎಡಪಂಥೀಯ ಸಂಘಟನೆಯ ಗೆರಿಲ್ಲಾಗಳು 1960ರ ದಶಕದಲ್ಲಿ ಬಂದೂಕು ಹಿಡಿದಾಗ ಅಲ್ಲಿದ್ದದ್ದು ಚುನಾಯಿತ ಸರ್ಕಾರ. ಅದು ದಿನೇ ದಿನೇ ಒರಟಾಗುತ್ತಿತ್ತು, ಮುಷ್ಕರ ಮಾಡಿದವರನ್ನು ತುಳಿಯುತ್ತಿತ್ತು, ನಿಜ. ಆದರೆ ಅಧ್ಯಕ್ಷ ಬೊರ್ದಾಬೆರಿ ಸೈನ್ಯದ ಬೆಂಬಲದಲ್ಲಿ ಸಂಸತ್ತನ್ನು ಮುಚ್ಚಿದ್ದು 1973ರ ಜೂನ್ 27ರಂದು. ಅಷ್ಟರಲ್ಲಿ ತುಪಮಾರೊಗಳು ಸೋತು ನೆಲಕಚ್ಚಿದ್ದರು, ಮುಹಿಕಾ ಜೈಲು ಸೇರಿದ್ದರು. ಈ ಬಂದೂಕೇ ಸೈನ್ಯಕ್ಕೆ ದಾರಿ ಮಾಡಿಕೊಟ್ಟಿತೇ ಎಂಬ ಜಗಳ ಆ ದೇಶದಲ್ಲಿ ಇನ್ನೂ ಮುಗಿದಿಲ್ಲ. ನೀವು ಯಾರ ಪರವೂ ನಿಲ್ಲಬೇಕಿಲ್ಲ. ಜಗಳ ಇದೆ ಅಂತಾದರೂ ಓದುವವರಿಗೆ ಗೊತ್ತಾಗಬೇಕು, ಅಲ್ವಾ?

ಉಳ್ಳವರಿಂದ ಕಿತ್ತು ಇಲ್ಲದವರಿಗೆ ಹಂಚಿದರು ಎಂದೂ ಬರೆದಿದ್ದೀರಿ. ಅದೇ ಸಂಘಟನೆ 1970ರಲ್ಲಿ ಅಮೆರಿಕದ ಪೊಲೀಸ್ ಸಲಹೆಗಾರ ಡ್ಯಾನ್ ಮಿಟ್ರಿಯೋನ್‌ನನ್ನು ಅಪಹರಿಸಿ ಕೊಂದಿತು. 1971ರ ಕೊನೆಗೆ ಒಬ್ಬ ಕೂಲಿಯಾಳನ್ನೂ ಕೊಂದಿತು. ಅವನ ತಪ್ಪು ಇಷ್ಟೇ: ಅವರ ಅಡಗುತಾಣ ಅವನ ಕಣ್ಣಿಗೆ ಬಿತ್ತು. ಇಂಜೆಕ್ಷನ್ ಕೊಟ್ಟು ಸಾಯಿಸಿದರು. ಇದನ್ನು ಮುಹಿಕಾ ತಲೆಗೆ ಕಟ್ಟಿ ಎನ್ನುತ್ತಿಲ್ಲ. ಆದರೆ ಬಡವರ ಹೆಸರಲ್ಲಿ ಹೊರಟವರ ಕಥೆಯಲ್ಲಿ ಆ ಬಡವನಿಗೂ ಎರಡು ಸಾಲು ಬೇಡವೇ?

ಚೆನ್ನಾಗಿರುವುದನ್ನೂ ಹೇಳುತ್ತೇನೆ. ಮುಹಿಕಾರನ್ನು ಒತ್ತೆಯಾಳಿನ ಹಾಗೆ ಒಂದು ಸೈನಿಕ ಶಿಬಿರದಿಂದ ಇನ್ನೊಂದಕ್ಕೆ ಸಾಗಿಸುತ್ತಿದ್ದ ವರ್ಷಗಳು, ಒಂಟಿ ಕೋಣೆ, ಇರುವೆಗಳು ಕಿರುಚುವುದಕ್ಕೆ ಕಿವಿಗೊಟ್ಟದ್ದು, ಆ ಪ್ಯಾರಾದಲ್ಲಿ ಒಂದು ಅಕ್ಷರವನ್ನೂ ಮುಟ್ಟಬೇಡಿ. ಅಲ್ಲಿ ನೀವು ಹೊಗಳಿಲ್ಲ, ಸುಮ್ನೆ ತೋರಿಸಿದ್ದೀರಿ. 1971ರಲ್ಲಿ ಪುಂತಾ ಕರೇತಾಸ್ ಜೈಲಿನಿಂದ ನೂರಕ್ಕೂ ಹೆಚ್ಚು ಜನ ಸುರಂಗ ಕೊರೆದು ಓಡಿಹೋದದ್ದು ಮಾತ್ರ ಒಂದೂವರೆ ಪುಟ ತಿಂದಿದೆ, ಜಾಸ್ತಿಯಾಯಿತು. ನಾಲ್ಕು ಸಾಲು ಸಾಕು. ಆ ಜೈಲು ಈಗ ಶಾಪಿಂಗ್ ಮಾಲ್ ಆಗಿದೆ ಎನ್ನುವುದನ್ನು ಬಿಡಬೇಡಿ.

ಇನ್ನು ನನ್ನ ದೊಡ್ಡ ತಕರಾರು. 1985ರ ಮಾರ್ಚ್‌ನಲ್ಲಿ ಕ್ಷಮಾದಾನ ಸಿಕ್ಕಿ ಹೊರಬಂದರು ಎನ್ನುತ್ತೀರಿ. ಮುಂದಿನ ಪ್ಯಾರಾದಲ್ಲೇ 2010, ಅಧ್ಯಕ್ಷ, ಅವರ ಹಳೇ ನೀಲಿ ಬೀಟಲ್ ಕಾರು! ನಡುವಿನ ಕಾಲು ಶತಮಾನ ಎಲ್ಲಿ ಹೋಯಿತು? ಅದರಲ್ಲೂ ಮೊದಲ ಹತ್ತು ವರ್ಷ. ನಿಮ್ಮ ವಿಷಯ ಇರುವುದೇ ಅಲ್ಲಿ. ಬಡಾವಣೆ ಬಡಾವಣೆಗೆ ಹೋಗಿ, ಮಾತೆ ಎಂಬ ಅಲ್ಲಿನ ಸೊಪ್ಪಿನ ಕಷಾಯ ಕುಡಿಯುತ್ತಾ ಜನರ ಜೊತೆ ಕೂತ ಸಭೆಗಳು. ಎಡಪಕ್ಷಗಳ ಒಕ್ಕೂಟ ಫ್ರೆಂತೆ ಆಂಪ್ಲಿಯೊ ತುಪಮಾರೊಗಳನ್ನು ಒಳಗೆ ಸೇರಿಸಿಕೊಳ್ಳಲು 1989ರವರೆಗೆ ಕಾದದ್ದು. 1994ರಲ್ಲಿ ಕೆಳಮನೆಗೆ, 1999ರಲ್ಲಿ ಸೆನೆಟ್‌ಗೆ ಆಯ್ಕೆ. 2005ರಲ್ಲಿ ಜಾನುವಾರು, ಕೃಷಿ ಮತ್ತು ಮೀನುಗಾರಿಕೆ ಮಂತ್ರಿ. ಹಳೇ ಸ್ಕೂಟರ್‌ನಲ್ಲಿ ಸಂಸತ್ತಿಗೆ ಬಂದವರನ್ನು ಕಾವಲಿನವನು ‘ತುಂಬಾ ಹೊತ್ತು ನಿಲ್ಲಿಸ್ತೀರಾ?’ ಎಂದು ಕೇಳಿದನಂತೆ. ಐದು ವರ್ಷ ನಿಲ್ಲಿಸುವ ಆಸೆ ಎಂದರಂತೆ ಇವರು. ಆ ಕಥೆ ನಿಮಗೆ ಸಿಗಲಿಲ್ಲವೇ?

ಇನ್ನೊಂದು ದಿನವನ್ನು ಹಿಡಿಯಿರಿ. 2009ರ ಅಕ್ಟೋಬರ್ 25. ಅಧ್ಯಕ್ಷ ಚುನಾವಣೆಯ ಮೊದಲ ಸುತ್ತಿನಲ್ಲಿ ಮುಹಿಕಾ ಎಲ್ಲರಿಗಿಂತ ಮುಂದೆ ಬಂದರು. ಸರ್ವಾಧಿಕಾರದ ಕಾಲದ ಅಪರಾಧಗಳಿಗಾಗಿ ಸೈನ್ಯದವರನ್ನು ವಿಚಾರಣೆಯಿಂದ ಕಾಪಾಡುತ್ತಿದ್ದ 1986ರ ಕಾನೂನನ್ನು ರದ್ದು ಮಾಡಬೇಕೇ ಎಂದೂ ಅದೇ ದಿನ ಮತ ಕೇಳಿದ್ದರು. ಅದಕ್ಕೆ ಅರ್ಧದಷ್ಟು ಮತವೂ ಬೀಳಲಿಲ್ಲ. ಜೈಲಿನಲ್ಲಿದ್ದವನನ್ನು ಮುಂದೆ ತಂದ ದೇಶವೇ ಜೈಲಿಗೆ ಹಾಕಿದವರನ್ನೂ ಕಾಪಾಡಿತು. ನಿಮ್ಮ ಲೇಖನ ಇಲ್ಲಿಂದಲೇ ಶುರುವಾಗಬಹುದು.

ಲೂಸಿಯಾ ಟೊಪೊಲಾನ್ಸ್ಕಿಗೆ ‘ಪತ್ನಿ’ ಎಂಬ ಒಂದೇ ಪದ ಕೊಟ್ಟಿದ್ದೀರಿ. ಆಕೆಯೂ ಗೆರಿಲ್ಲಾ, ಆಕೆಯೂ ಜೈಲು ಕಂಡವರು. 2010ರ ಮಾರ್ಚ್ 1ರಂದು ಸೆನೆಟರ್ ಆಗಿ ಗಂಡನಿಗೆ ಪ್ರಮಾಣವಚನ ಬೋಧಿಸಿದ್ದು ಆಕೆಯೇ.

ಸಂಬಳದ ಬಹುಪಾಲು ದಾನ, ಹೂವಿನ ತೋಟ, ಮೂರು ಕಾಲಿನ ನಾಯಿ ಮನುವೇಲಾ, ಇವೆಲ್ಲ 2025ರ ಮೇನಲ್ಲಿ ಅವರು ತೀರಿಕೊಂಡಾಗ ಎಲ್ಲರ ವಾಟ್ಸಾಪ್‌ಗೂ ಬಂದಾಗಿದೆ. ಒಂದು ಸಾಲಿಗೆ ಇಳಿಸಿ. ‘ಸಂತ’ ಎಂಬ ಪದ ಏಳು ಕಡೆ ಇದೆ, ಏಳನ್ನೂ ತೆಗೆಯಿರಿ.

ತಿದ್ದಿ, ಮುಂದಿನ ತಿಂಗಳ 10ರೊಳಗೆ ಕಳಿಸಿ. ಕಾರಿನ ಫೋಟೋ ಬೇಡ, ನಮ್ಮ ಹತ್ತಿರ ಇದೆ.

ಇಂತಿ,
ಸಂಪಾದಕ